ಸೈಟಿನ ಕರ್ಣ, ಸಾಲದ ಬಡ್ಡಿ: ಶಾಲೆಯ ಲೆಕ್ಕ ಎಲ್ಲಿ ಕೈ ಹಿಡಿಯುತ್ತದೆ?

ಬೆಂಗಳೂರಿನಲ್ಲಿ 'ತರ್ಟಿ ಫಾರ್ಟಿ' ಅಂದರೆ ಸಾಕು, ಮಾತು ಸೈಟಿನದ್ದು ಅಂತ ಎಲ್ಲರಿಗೂ ಗೊತ್ತಾಗುತ್ತದೆ. 30 ಅಡಿ ಅಗಲ, 40 ಅಡಿ ಉದ್ದ, 1,200 ಚದರಡಿ. ಈ ಸೈಟಿನ ಒಂದು ಮೂಲೆಯಿಂದ ಎದುರು ಮೂಲೆಗೆ ಟೇಪು ಹಿಡಿದರೆ ಎಷ್ಟು ಅಡಿ ಬರಬೇಕು?

ಸರಿಯಾಗಿ 50 ಅಡಿ. 30ರ ವರ್ಗ 900, 40ರ ವರ್ಗ 1,600, ಎರಡೂ ಸೇರಿ 2,500. ಅದು 50ರ ವರ್ಗ. ಹೈಸ್ಕೂಲಿನಲ್ಲಿ ಉರು ಹೊಡೆದ ಪೈಥಾಗೊರಸ್ ಪ್ರಮೇಯ ಇದೇ. ಮೇಸ್ತ್ರಿಗಳು ಇದನ್ನು ದಿನಾ ಬಳಸುತ್ತಾರೆ. ಪಾಯಕ್ಕೆ ದಾರ ಕಟ್ಟಿದ ಮೇಲೆ ಒಂದು ದಾರದ ಮೇಲೆ 3 ಅಡಿಗೆ, ಇನ್ನೊಂದರ ಮೇಲೆ 4 ಅಡಿಗೆ ಗುರುತು ಹಾಕುತ್ತಾರೆ. ಆ ಎರಡು ಗುರುತುಗಳ ನಡುವೆ 5 ಅಡಿ ಬಂದರೆ ಮೂಲೆ ಮಟ್ಟವಾಗಿದೆ, ಅಂದರೆ ಸರಿಯಾದ ಲಂಬಕೋನ ಆಗಿದೆ ಅಂತ ಅರ್ಥ. ನಮ್ಮ 30×40 ಸೈಟು ಅದೇ 3, 4, 5ರ ಹತ್ತರಷ್ಟು.

ಈಗ ಬೇರೆ ಒಂದು ಸೈಟು ನೋಡೋಣ. ಖಾಲಿ ಜಾಗ, ನಾಲ್ಕು ಮೂಲೆಗೆ ನಾಲ್ಕು ಕಲ್ಲು. ಅಳೆದರೆ ಎದುರುಬದುರು ಬದಿಗಳು 30 ಮತ್ತು 30, 40 ಮತ್ತು 40. ಎಲ್ಲವೂ ಸರಿಯಾಗಿದೆ ಅನ್ನಿಸುತ್ತದೆ. ಆದರೆ ಮೂಲೆಯಿಂದ ಮೂಲೆಗೆ ಟೇಪು ಹಿಡಿದರೆ 50ರ ಬದಲು 42 ಬರುತ್ತದೆ. ಹಾಗಾದರೆ ಸೈಟು ಒಂದು ಕಡೆಗೆ ವಾಲಿದೆ. ಬದಿಗಳೇನೋ ಅಷ್ಟೇ ಇವೆ, ಜಾಗ ಮಾತ್ರ ಕಮ್ಮಿಯಾಗಿದೆ. ಎಷ್ಟು ಕಮ್ಮಿ ಅಂತ ನೋಡಲು ಒಂಬತ್ತನೇ ತರಗತಿಯ ಹೆರಾನ್ ಸೂತ್ರ ಸಾಕು. ಸೈಟನ್ನು ಎರಡು ತ್ರಿಭುಜ ಮಾಡಿ. ಒಂದೊಂದರ ಬದಿಗಳು 30, 40, 42. ಮೂರನ್ನೂ ಕೂಡಿಸಿ ಅರ್ಧ ಮಾಡಿದರೆ 56. ಅದರಿಂದ ಒಂದೊಂದು ಬದಿ ಕಳೆದರೆ 26, 16, 14. ಈ ನಾಲ್ಕನ್ನೂ ಗುಣಿಸಿ ವರ್ಗಮೂಲ ತೆಗೆದರೆ ಸುಮಾರು 571. ಎರಡು ತ್ರಿಭುಜ ಸೇರಿ 1,142 ಚದರಡಿ. ಕಾಗದದ ಮೇಲೆ 1,200 ಇದ್ದದ್ದು ನೆಲದ ಮೇಲೆ 58 ಚದರಡಿ ಕಮ್ಮಿ. ಚದರಡಿಗೆ 5,000 ರೂಪಾಯಿ ದರ ಇದ್ದರೆ 2 ಲಕ್ಷ 90 ಸಾವಿರ ರೂಪಾಯಿ.

ನಾಲ್ಕೂ ಬದಿ ಬೇರೆಬೇರೆ ಇರುವ ಜಾಗಕ್ಕೆ ನಮ್ಮಲ್ಲಿ ಒಂದು ರೂಢಿ ಇದೆ. ಎದುರುಬದುರು ಬದಿಗಳ ಸರಾಸರಿ ತೆಗೆದು ಗುಣಿಸಿಬಿಡುತ್ತಾರೆ. ಈ ರೂಢಿ ಬಹಳ ಹಳೆಯದು, ಲೆಕ್ಕವೂ ಸುಲಭ. ಆದರೆ ಇದು ನಿಜವಾದ ವಿಸ್ತೀರ್ಣಕ್ಕಿಂತ ಯಾವತ್ತೂ ಕಮ್ಮಿ ತೋರಿಸುವುದಿಲ್ಲ. ಜಾಗ ಸರಿಯಾದ ಆಯತವಾಗಿದ್ದರೆ ಸಮ, ಇಲ್ಲದಿದ್ದರೆ ಜಾಸ್ತಿ. ಅಂದರೆ ತಪ್ಪು ಆದಾಗಲೆಲ್ಲ ಅದು ಮಾರುವವರ ಕಡೆಗೇ ವಾಲುತ್ತದೆ. ಕೊಳ್ಳುವವರಿಗೆ ಇದನ್ನು ಯಾರೂ ಹೇಳುವುದಿಲ್ಲ.

ಶಾಲೆಯಲ್ಲಿ ಕಲಿತ ಗಣಿತ ದೊಡ್ಡವರಾದ ಮೇಲೆ ಉಪಯೋಗಕ್ಕೆ ಬರುತ್ತಾ ಅಂತ ಕೇಳಿದರೆ ನನ್ನ ಉತ್ತರ ಈ ಸೈಟಿನಲ್ಲೇ ಇದೆ. ಬರುತ್ತದೆ, ಲಕ್ಷಗಟ್ಟಲೆ ದುಡ್ಡು ಉಳಿಸುವಷ್ಟು ಬರುತ್ತದೆ. ಆದರೆ ಪರೀಕ್ಷೆಯಲ್ಲಿ 'ಎಬಿಸಿ ಲಂಬಕೋನ ತ್ರಿಭುಜದಲ್ಲಿ ಕರ್ಣ ಕಂಡುಹಿಡಿಯಿರಿ' ಅಂತ ಬರೆದಿರುತ್ತದೆ. ಸೈಟಿನಲ್ಲಿ ಹಾಗೆ ಯಾರೂ ಬರೆದಿರುವುದಿಲ್ಲ. ಮೂಲೆಯಿಂದ ಮೂಲೆಗೆ ಟೇಪು ಹಿಡಿಯಬೇಕು ಅನ್ನುವುದು ನಮಗೇ ಹೊಳೆಯಬೇಕು. ಪ್ರಶ್ನೆ ಕಟ್ಟಿಕೊಂಡರೆ ಉತ್ತರ ತೆಗೆಯಲು ಫೋನಿನ ಕ್ಯಾಲ್ಕುಲೇಟರ್ ಇದೆ. ಶಾಲೆ ನಮಗೆ ಹತ್ತು ವರ್ಷ ಉತ್ತರ ತೆಗೆಯುವುದನ್ನು ಕಲಿಸುತ್ತದೆ, ಪ್ರಶ್ನೆ ಕಟ್ಟುವುದನ್ನು ಬಹುತೇಕ ಕಲಿಸುವುದೇ ಇಲ್ಲ. 'ಓದಿದ ಲೆಕ್ಕ ಯಾವುದಕ್ಕೂ ಬರಲಿಲ್ಲ' ಅಂತ ಇಷ್ಟು ಜನ ಹೇಳುವುದಕ್ಕೆ ಇದೇ ಮುಖ್ಯ ಕಾರಣ ಅಂತ ನನಗೆ ಅನ್ನಿಸುತ್ತದೆ.

ಈ ಬಿರುಕನ್ನು ತುಂಬಾ ಚೆನ್ನಾಗಿ ತೋರಿಸಿದ ಒಂದು ಅಧ್ಯಯನ ಬ್ರೆಜಿಲ್ ದೇಶದ ರೆಸಿಫೆ ಊರಿನಲ್ಲಿ ನಡೆಯಿತು. ಟೆರೆಜಿನ್ಯಾ ನೂನೆಸ್ ಮತ್ತು ಜೊತೆಗಾರರು ಅದನ್ನು 1985ರಲ್ಲಿ ಪ್ರಕಟಿಸಿದರು. ಬೀದಿಯಲ್ಲಿ ಎಳನೀರು, ಹಣ್ಣು ಮಾರುವ ಐದು ಮಕ್ಕಳ ಹತ್ತಿರ ಅವರು ಗಿರಾಕಿಗಳ ಹಾಗೆ ಹೋಗಿ, 'ಇಷ್ಟು ತೊಗೊಂಡರೆ ಎಷ್ಟಾಯಿತು, ಚಿಲ್ಲರೆ ಎಷ್ಟು ಕೊಡ್ತೀಯ' ಅಂತ ಕೇಳಿದರು. ಮಕ್ಕಳು ನೂರಕ್ಕೆ 98 ಸರಿ ಹೇಳಿದರು. ಆಮೇಲೆ ಅದೇ ಮಕ್ಕಳಿಗೆ ಅದೇ ಅಂಕಿಗಳನ್ನು ಶಾಲೆಯ ಲೆಕ್ಕದ ಹಾಗೆ ಕೊಟ್ಟರು. ಸಣ್ಣ ಕಥೆಯ ರೂಪದಲ್ಲಿ ಕೊಟ್ಟಾಗ ನೂರಕ್ಕೆ ಸುಮಾರು 74 ಸರಿ. ಬರೀ ಅಂಕಿ ಕೊಟ್ಟಾಗ ಸುಮಾರು 37.

ಅದರಲ್ಲಿ ಒಬ್ಬ ಹುಡುಗ 12 ವರ್ಷದವನು. ಒಂದಕ್ಕೆ 35 ಕ್ರೂಜೆರೊದಂತೆ (ಬ್ರೆಜಿಲ್ಲಿನ ಆಗಿನ ದುಡ್ಡು) 10 ತೆಂಗಿನಕಾಯಿಗೆ ಎಷ್ಟು ಅಂತ ಕೇಳಿದರೆ ಅವನು ಲೆಕ್ಕ ಹಾಕಿದ್ದು ಹೀಗೆ: ಮೂರಕ್ಕೆ 105, ಇನ್ನು ಮೂರು ಸೇರಿದರೆ 210, ಮತ್ತೆ ಮೂರು ಸೇರಿದರೆ 315, ಇನ್ನೊಂದು ಸೇರಿದರೆ 350. ಹತ್ತರಿಂದ ಗುಣಿಸುವಾಗ ಸೊನ್ನೆ ಸೇರಿಸಿದರೆ ಮುಗಿಯಿತು ಅನ್ನುವ ಶಾಲೆಯ ಉಪಾಯ ಅವನು ಮುಟ್ಟಲೇ ಇಲ್ಲ. ಮೂರು ಕಾಯಿಯ ದರ ಅವನಿಗೆ ಬಾಯಿಗೆ ಬಂದಿತ್ತು, ಅಲ್ಲಿಂದ ಹತ್ತಿದ. ನಾಲ್ಕು ಕಾಯಿಗೆ 140 ಅಂತಲೂ ಸರಿಯಾಗಿಯೇ ಹೇಳಿದ. ಅವನಿಗೇ ಕಾಗದದಲ್ಲಿ 35×4 ಕೊಟ್ಟಾಗ ಏನಾಯಿತು ನೋಡಿ. ನಾಲ್ಕೈದಲೆ 20, ದಶಕ 2. ಆ ಎರಡನ್ನು ಮೊದಲೇ 3ಕ್ಕೆ ಕೂಡಿಸಿ 5 ಮಾಡಿಕೊಂಡ. ನಾಲ್ಕೈದಲೆ 20. ಉತ್ತರ 200 ಅಂತ ಬರೆದ. ನಾಲ್ಕು ಕಾಯಿ 200 ಅಂತ ಬೀದಿಯಲ್ಲಿ ಯಾರಾದರೂ ಹೇಳಿದ್ದರೆ ಅವನು ಒಪ್ಪುತ್ತಲೇ ಇರಲಿಲ್ಲ. ಕಾಗದದ ಮೇಲಿನ 35 ಅವನಿಗೆ ಕಾಯಿಯ ಬೆಲೆಯಾಗಿ ಕಾಣಲೇ ಇಲ್ಲ.

ನಮ್ಮ ದೇಶದಲ್ಲೂ ಇದೇ ಕಂಡಿದೆ. 2019ರಲ್ಲಿ ನೊಬೆಲ್ ಪಡೆದ ಅಭಿಜಿತ್ ಬ್ಯಾನರ್ಜಿ, ಎಸ್ತರ್ ಡುಫ್ಲೊ ಮತ್ತು ಜೊತೆಗಾರರು ಕೋಲ್ಕತ್ತ ಮತ್ತು ದೆಹಲಿಯ ಮಾರುಕಟ್ಟೆಗಳಲ್ಲಿ ದುಡಿಯುವ ಮಕ್ಕಳನ್ನು ಗಮನಿಸಿ, 2025ರಲ್ಲಿ 'ನೇಚರ್' ಪತ್ರಿಕೆಯಲ್ಲಿ ಬರೆದರು. ವ್ಯಾಪಾರದ ಮಕ್ಕಳು ಬಾಯಿಲೆಕ್ಕದಲ್ಲಿ ಸರಸರ ಅಂತ ಚಿಲ್ಲರೆ ಕೊಡುತ್ತಿದ್ದರು, ಶಾಲೆಯ ರೀತಿಯ ಭಾಗಾಕಾರ ಬಂದರೆ ತಡವರಿಸುತ್ತಿದ್ದರು. ಶಾಲೆಗೆ ಹೋಗುವ, ವ್ಯಾಪಾರ ಗೊತ್ತಿಲ್ಲದ ಮಕ್ಕಳದ್ದು ಉಲ್ಟಾ. ಕಾಗದದ ಲೆಕ್ಕ ಮಾಡುತ್ತಿದ್ದರು, ಅಂಗಡಿಯ ಲೆಕ್ಕದಲ್ಲಿ ಸಿಕ್ಕಿಕೊಳ್ಳುತ್ತಿದ್ದರು. ಎರಡು ಗುಂಪಿನಲ್ಲೂ ಜಾಣ ಮಕ್ಕಳೇ ಇದ್ದರು. ಎರಡು ಗಣಿತಗಳ ನಡುವೆ ಸೇತುವೆ ಇರಲಿಲ್ಲ ಅಷ್ಟೇ. ಶಾಲೆ ಬಿಟ್ಟು ಇಪ್ಪತ್ತು ವರ್ಷವಾದ ಮೇಲೂ ನಮ್ಮಲ್ಲಿ ಬಹಳ ಜನರಿಗೆ ಆ ಸೇತುವೆ ಸಿಕ್ಕಿರುವುದಿಲ್ಲ.

ಇದರಿಂದ ಅತಿ ಜಾಸ್ತಿ ನಷ್ಟ ಆಗುವುದು ಸಾಲದಲ್ಲಿ. ಹಾಗಾಗಿ ಇಲ್ಲಿ ಸ್ವಲ್ಪ ನಿಧಾನವಾಗಿ ಹೋಗೋಣ.

ಒಂದು ಲಕ್ಷ ರೂಪಾಯಿ ಸಾಲ. ಒಂದು ವರ್ಷದಲ್ಲಿ 12 ಕಂತು. 'ಬಡ್ಡಿ ಬರೀ 12 ಪರ್ಸೆಂಟ್ ಸಾರ್, ಫ್ಲಾಟ್' ಅನ್ನುತ್ತಾರೆ. ಅಂದರೆ ಲಕ್ಷಕ್ಕೆ 12 ಸಾವಿರ ಬಡ್ಡಿ, ಒಟ್ಟು 1,12,000. ತಿಂಗಳಿಗೆ 9,333 ರೂಪಾಯಿ. ಲೆಕ್ಕ ಸರಿಯಾಗಿಯೇ ಇದೆ, ಎಲ್ಲೂ ಸುಳ್ಳಿಲ್ಲ. ಆದರೂ ನೀವು ಕೊಡುತ್ತಿರುವ ಬಡ್ಡಿ ನೂರಕ್ಕೆ 12 ಅಲ್ಲ.

ಯಾಕೆ ಅಂದರೆ, ಒಂದು ಲಕ್ಷ ರೂಪಾಯಿ ವರ್ಷವಿಡೀ ನಿಮ್ಮ ಹತ್ತಿರ ಇರುವುದಿಲ್ಲ. ಮೊದಲ ತಿಂಗಳು ಪೂರ್ತಿ ಇರುತ್ತದೆ. ಮೊದಲ ಕಂತು ಕಟ್ಟಿದ ಮೇಲೆ ಅಸಲಿನ ಹನ್ನೆರಡರಲ್ಲಿ ಹನ್ನೊಂದು ಭಾಗ ಉಳಿಯುತ್ತದೆ. ಆಮೇಲೆ ಹತ್ತು ಭಾಗ, ಒಂಬತ್ತು ಭಾಗ, ಕೊನೆಯ ತಿಂಗಳು ಒಂದೇ ಭಾಗ. ಹಾಗಾದರೆ ಸರಾಸರಿ ಎಷ್ಟು ದುಡ್ಡು ನಿಮ್ಮ ಹತ್ತಿರ ಇತ್ತು? 12+11+10 ಅಂತ 1ರವರೆಗೆ ಕೂಡಿಸಬೇಕು. ಎಸ್ಸೆಸ್ಸೆಲ್ಸಿಯ 'ಸಮಾಂತರ ಶ್ರೇಢಿ' ಪಾಠ ನೆನಪಿದೆಯಾ? ಮೊದಲನೆಯದು ಮತ್ತು ಕೊನೆಯದು ಕೂಡಿಸಿ 13, ಅಂಥ ಆರು ಜೋಡಿ, ಒಟ್ಟು 78. ಹನ್ನೆರಡು ತಿಂಗಳಿಗೆ ಹಂಚಿದರೆ ಆರೂವರೆ ಭಾಗ. ಒಂದು ಲಕ್ಷದ ಹನ್ನೆರಡರಲ್ಲಿ ಆರೂವರೆ ಭಾಗ ಅಂದರೆ ಸುಮಾರು 54,167 ರೂಪಾಯಿ.

ಸರಾಸರಿ 54 ಸಾವಿರ ಚಿಲ್ಲರೆ ಬಳಸಿಕೊಂಡಿದ್ದಕ್ಕೆ ವರ್ಷಕ್ಕೆ 12 ಸಾವಿರ ಬಡ್ಡಿ. ಭಾಗಿಸಿ ನೋಡಿ, ನೂರಕ್ಕೆ 22 ಬರುತ್ತದೆ. ಬ್ಯಾಂಕುಗಳು ಮಾಡುವ ನಿಖರವಾದ ಲೆಕ್ಕದಲ್ಲಿ ಸುಮಾರು ಇಪ್ಪತ್ತೊಂದೂವರೆ. ಕಂತಿನಲ್ಲಿ ತೀರಿಸುವ ಸಾಲಕ್ಕೆ ಫ್ಲಾಟ್ ದರ ಹೇಳಿದರೆ ಅದನ್ನು ಎರಡರಿಂದ ಗುಣಿಸಿ ಸ್ವಲ್ಪ ಕಮ್ಮಿ ಮಾಡಿಕೊಳ್ಳಿ, ನಿಜವಾದ ದರದ ಹತ್ತಿರ ಬರುತ್ತೀರಿ. ಪಕ್ಕದ ಬ್ಯಾಂಕಿನಲ್ಲಿ 'ಉಳಿದ ಅಸಲಿನ ಮೇಲೆ 15 ಪರ್ಸೆಂಟ್' ಅಂತ ಹೇಳಿದ್ದರೆ, 12ಕ್ಕಿಂತ 15 ಜಾಸ್ತಿ ಅಲ್ವಾ ಅಂದುಕೊಂಡು ದುಬಾರಿ ಸಾಲಕ್ಕೇ ಸಹಿ ಹಾಕುವವರು ಎಷ್ಟೋ ಜನ.

ಸಂತೆಯ ಸಾಲಕ್ಕೂ ಇದೇ ಲೆಕ್ಕ ಹಾಕಿ ನೋಡಿ. ತರಕಾರಿ ಗಾಡಿಯವರಿಗೆ 10,000 ಸಾಲ ಅಂತ ಹೇಳಿ, ಬಡ್ಡಿ ಮೊದಲೇ ಮುರಿದುಕೊಂಡು 9,000 ಕೈಗೆ ಕೊಡುತ್ತಾರೆ. ದಿನಕ್ಕೆ 100ರಂತೆ 100 ದಿನ ವಸೂಲಿ. ಹೇಳುವುದಕ್ಕೆ 'ಹತ್ತು ಸಾವಿರಕ್ಕೆ ಸಾವಿರ ಬಡ್ಡಿ'. ಆದರೆ ಕೈಗೆ ಬಂದದ್ದು 9,000, ಅದೂ ದಿನ ದಿನಕ್ಕೆ ಕರಗುತ್ತದೆ. ಸರಾಸರಿ ಕೈಯಲ್ಲಿದ್ದದ್ದು ನಾಲ್ಕೂವರೆ ಸಾವಿರ. ಅದಕ್ಕೆ 100 ದಿನಕ್ಕೆ 1,000 ಅಂದರೆ ನೂರಕ್ಕೆ 22. ವರ್ಷಕ್ಕೆ ಹಿಗ್ಗಿಸಿದರೆ ನೂರಕ್ಕೆ 80. ಇನ್ನು ಬೆಳಿಗ್ಗೆ 900 ತೆಗೆದುಕೊಂಡು ಸಂಜೆ 1,000 ಕೊಡುವ ಸಾಲಕ್ಕೆ ದಿನಕ್ಕೇ ನೂರಕ್ಕೆ 11. ಅದನ್ನು ವರ್ಷಕ್ಕೆ ಲೆಕ್ಕ ಹಾಕಲು ಮನಸ್ಸೇ ಬರುವುದಿಲ್ಲ.

ಊರ ಕಡೆ ಬಡ್ಡಿಯನ್ನು 'ನೂರಕ್ಕೆ ಮೂರು ರೂಪಾಯಿ' ಅಂತ ಹೇಳುವುದು ರೂಢಿ. ಮೂರು ಅಂದರೆ ಕಿವಿಗೆ ಸಣ್ಣದಾಗಿ ಕೇಳುತ್ತದೆ. ಅದು ತಿಂಗಳಿಗೆ. ವರ್ಷಕ್ಕೆ 36. ಬಡ್ಡಿ ಕಟ್ಟದೆ ಅಸಲಿಗೆ ಸೇರುತ್ತಾ ಹೋದರೆ ಚಕ್ರಬಡ್ಡಿ, ವರ್ಷಕ್ಕೆ ನೂರಕ್ಕೆ 42ಕ್ಕೂ ಮೇಲೆ. ದುಡ್ಡು ಎಷ್ಟು ಕಾಲದಲ್ಲಿ ಎರಡರಷ್ಟಾಗುತ್ತದೆ ಅಂತ ತಿಳಿಯಲು ಸುಲಭದ ದಾರಿ ಇದೆ: 72ನ್ನು ಬಡ್ಡಿ ದರದಿಂದ ಭಾಗಿಸಿ. ತಿಂಗಳಿಗೆ 3 ಇದ್ದರೆ 24 ತಿಂಗಳು. ಎರಡು ವರ್ಷದಲ್ಲಿ ಸಾಲ ಇಮ್ಮಡಿ, ನಾಲ್ಕು ವರ್ಷದಲ್ಲಿ ನಾಲ್ಕರಷ್ಟು. ಅದೇ ಬ್ಯಾಂಕಿನಲ್ಲಿ ವರ್ಷಕ್ಕೆ 7ರಂತೆ ಠೇವಣಿ ಇಟ್ಟರೆ ದುಡ್ಡು ಎರಡರಷ್ಟಾಗಲು ಸುಮಾರು ಹತ್ತು ವರ್ಷ ಬೇಕು. ಚಕ್ರಬಡ್ಡಿಯ ಸೂತ್ರ ಎಂಟನೇ ತರಗತಿಯಲ್ಲೇ ಇದೆ. ಅದನ್ನು ಪರೀಕ್ಷೆಯಲ್ಲಿ ಬರೆದು ಐದು ಅಂಕ ತೆಗೆದುಕೊಂಡವರೂ ಸಾಲದ ಪತ್ರದ ಮುಂದೆ ಅದನ್ನು ನೆನೆಯುವುದಿಲ್ಲ.

ಫೋನ್ ಅಂಗಡಿಯ 'ಸೊನ್ನೆ ಬಡ್ಡಿ' ಕಂತೂ ಇದೇ ಜಾತಿಯದು. 20,000 ರೂಪಾಯಿ ಫೋನಿಗೆ ನಗದು ಕೊಟ್ಟರೆ 1,500 ಬಿಡುತ್ತಾರೆ, ಆರು ಕಂತಾದರೆ ಬಿಡುವುದಿಲ್ಲ ಅಂದುಕೊಳ್ಳಿ. ಹಾಗಾದರೆ ಫೋನಿನ ನಿಜವಾದ ಬೆಲೆ 18,500. ಮೇಲಿನ 1,500 ಆರು ತಿಂಗಳ ಬಡ್ಡಿ. ಸರಾಸರಿ ತೆಗೆದು ನೋಡಿದರೆ ವರ್ಷಕ್ಕೆ ನೂರಕ್ಕೆ 27-28 ಆಗುತ್ತದೆ. ಸೊನ್ನೆ ಬಡ್ಡಿ ಅನ್ನುವ ಕಲ್ಪನೆಯೇ ಇಲ್ಲ ಅಂತ ರಿಸರ್ವ್ ಬ್ಯಾಂಕ್ 2013ರ ಸೆಪ್ಟೆಂಬರಿನಲ್ಲೇ ಬ್ಯಾಂಕುಗಳಿಗೆ ಹೇಳಿತ್ತು.

ಈ ಎಲ್ಲ ಕಡೆಯೂ ಆಗುವುದು ಒಂದೇ. ಲೆಕ್ಕವನ್ನು ಮಾರುವವರು ಕಟ್ಟಿ ಕೊಡುತ್ತಾರೆ, ನಾವು ಅವರು ಕಟ್ಟಿದ ಲೆಕ್ಕದೊಳಗೆ ನಿಂತು ಕೂಡಿಸಿ ಕಳೆದು ಸರಿಯಾಗಿದೆ ಅಂತ ಒಪ್ಪುತ್ತೇವೆ. 'ನನ್ನ ಹತ್ತಿರ ಎಷ್ಟು ದುಡ್ಡು, ಎಷ್ಟು ದಿನ ಇರುತ್ತದೆ?' ಅನ್ನುವ ಪ್ರಶ್ನೆ ನಾವು ಎತ್ತಬೇಕಿತ್ತು. ಅದನ್ನು ಎತ್ತಿದ ಮೇಲೆ ಬೇಕಾದದ್ದು ಬರೀ ಕೂಡುವುದು, ಸರಾಸರಿ, ಭಾಗಾಕಾರ.

ಈ ನೆಲದಲ್ಲಿ ಬಡ್ಡಿಯ ಲೆಕ್ಕ ಗಣಿತದ ಹೊರಗಿನ ವಿಷಯ ಆಗಿರಲೇ ಇಲ್ಲ ಅನ್ನುವುದನ್ನು ಇಲ್ಲಿ ಹೇಳಲೇಬೇಕು. ಒಂಬತ್ತನೇ ಶತಮಾನದಲ್ಲಿ ರಾಷ್ಟ್ರಕೂಟರ ಅಮೋಘವರ್ಷ ನೃಪತುಂಗನ ಕಾಲದಲ್ಲಿ ಮಹಾವೀರಾಚಾರ್ಯ ಬರೆದ 'ಗಣಿತಸಾರಸಂಗ್ರಹ'ದಲ್ಲಿ ಅಸಲು, ಬಡ್ಡಿ, ಕಾಲದ ಲೆಕ್ಕಗಳು ಸಾಲು ಸಾಲು ಇವೆ. ಅಡುಗೆ, ವೈದ್ಯ, ಸಂಗೀತ, ಮನೆ ಕಟ್ಟುವುದು, ಎಲ್ಲದರಲ್ಲೂ ಗಣಿತ ಬೇಕು ಅಂತ ಅವನು ಶುರುವಿನಲ್ಲೇ ಹೇಳಿಬಿಡುತ್ತಾನೆ. ಹನ್ನೆರಡನೇ ಶತಮಾನದಲ್ಲಿ ರಾಜಾದಿತ್ಯ ಕನ್ನಡದಲ್ಲೇ 'ವ್ಯವಹಾರಗಣಿತ' ಬರೆದ. ನಮ್ಮ ಅಜ್ಜಂದಿರ ಕಾಲದ ಐಗಳ ಮಠದಲ್ಲಿ (ಊರಿನ ಹಳೇ ಶಾಲೆ) ಕಾಲು, ಅರೆ, ಮುಕ್ಕಾಲಿನ ಮಗ್ಗಿಯನ್ನೂ ಬಾಯಿಪಾಠ ಮಾಡಿಸುತ್ತಿದ್ದರು. ಮುಕ್ಕಾಲು ಸೇರು ಎಣ್ಣೆಗೆ ಎಷ್ಟು ಅಂತ ಕೇಳಿದರೆ ಅವರು ಪೆನ್ನು ಹುಡುಕುತ್ತಿರಲಿಲ್ಲ. ಆ ಬಾಯಿಪಾಠ ಮತ್ತೆ ಬರಬೇಕು ಅಂತ ನಾನು ಹೇಳುತ್ತಿಲ್ಲ. ಆದರೆ ಅಲ್ಲಿ ಮಗ್ಗಿಗೂ ಅಂಗಡಿಗೂ ನಡುವೆ ಗೋಡೆ ಇರಲಿಲ್ಲ.

ದುಡ್ಡಿನ ವಿಷಯ ಬಿಟ್ಟು ಕೆಲಸದ ವಿಷಯಕ್ಕೆ ಬರೋಣ. ಆಸ್ಪತ್ರೆಯಲ್ಲಿ ನರ್ಸ್ ಡ್ರಿಪ್ ಹಾಕುವುದನ್ನು ನೋಡಿರುತ್ತೀರಿ. 500 ಮಿಲಿ ಬಾಟಲಿ, ನಾಲ್ಕು ಗಂಟೆಯಲ್ಲಿ ಹೋಗಬೇಕು ಅಂತ ಡಾಕ್ಟರ್ ಬರೆದಿರುತ್ತಾರೆ. ನಳಿಕೆಯಲ್ಲಿ 20 ಹನಿ ಸೇರಿದರೆ ಒಂದು ಮಿಲಿ. ಹಾಗಾದರೆ 500ಕ್ಕೆ 10,000 ಹನಿ. ನಾಲ್ಕು ಗಂಟೆ ಅಂದರೆ 240 ನಿಮಿಷ. ನಿಮಿಷಕ್ಕೆ 41 ಅಥವಾ 42 ಹನಿ. ಅವರು ಗಡಿಯಾರ ನೋಡುತ್ತಾ ಹನಿ ಎಣಿಸಿ, ಚಕ್ರ ತಿರುಗಿಸಿ ಸರಿಮಾಡುತ್ತಾರೆ. ಇದು ಏಳನೇ ತರಗತಿಯ ಅನುಪಾತ, ಅಷ್ಟೇ. ತಪ್ಪಿದರೆ ಮಾತ್ರ ಅಂಕ ಹೋಗುವುದಿಲ್ಲ, ರೋಗಿಗೆ ತೊಂದರೆ ಆಗುತ್ತದೆ. ಎಲೆಕ್ಟ್ರಿಷಿಯನ್, ಟರ್ನರ್, ಅಡುಗೆ ಕಂಟ್ರಾಕ್ಟರ್, ಗೊಬ್ಬರ ಮತ್ತು ಔಷಧಿ ಬೆರೆಸುವ ರೈತ, ಎಲ್ಲರ ಕೈಯಲ್ಲೂ ಈ ಅನುಪಾತ ಇದೆ. ಶಾಲೆಯ ಗಣಿತದಲ್ಲಿ ಒಂದೇ ಒಂದು ಪಾಠ ಉಳಿಸಿಕೊಳ್ಳಬಹುದು ಅಂದರೆ ನಾನು ಇದನ್ನೇ ಉಳಿಸಿಕೊಳ್ಳುತ್ತೇನೆ.

ಶೇಕಡಾ ಕೂಡ ಅದೇ ಅನುಪಾತದ ಮಗು. ಬಂಗಾರದಂಗಡಿಯಲ್ಲಿ '916' ಅಂತಾರಲ್ಲ, ಅದು 24ರಲ್ಲಿ 22 ಭಾಗ, ಅಂದರೆ ಸಾವಿರದಲ್ಲಿ 916 ಭಾಗ ಬಂಗಾರ. 18 ಕ್ಯಾರೆಟ್ ಆದರೆ 750. ಬಟ್ಟೆ ಅಂಗಡಿಯ '50 ಪರ್ಸೆಂಟ್ ಮೇಲೆ ಇನ್ನೂ 20 ಪರ್ಸೆಂಟ್' 70 ಆಗುವುದಿಲ್ಲ, 60 ಆಗುತ್ತದೆ. ಇವು ಸುಮಾರಾಗಿ ಎಲ್ಲರಿಗೂ ಗೊತ್ತು. ಆದರೆ ಸರ್ಕಾರದ ಒಂದು ನಿಯಮವನ್ನು ಓದುವಾಗ ಶೇಕಡಾ ಹೇಗೆ ಬೇಕಾಗುತ್ತದೆ ಅನ್ನುವುದು ನನಗೆ ಜಾಸ್ತಿ ಮುಖ್ಯ ಅನ್ನಿಸುತ್ತದೆ.

2023ರಲ್ಲಿ ಶುರುವಾದ ಗೃಹಜ್ಯೋತಿ ನೋಡಿ. 200 ಯೂನಿಟ್ ಉಚಿತ ಅಂತ ಎಲ್ಲರ ಬಾಯಲ್ಲೂ ಇದೆ. ನಿಯಮ ಹಾಗಿರಲಿಲ್ಲ. ಹಿಂದಿನ ವರ್ಷದ ನಿಮ್ಮ ತಿಂಗಳ ಸರಾಸರಿ ತೆಗೆದು, ಅದಕ್ಕೆ ನೂರಕ್ಕೆ ಹತ್ತು ಸೇರಿಸಿ, ಅಷ್ಟರವರೆಗೆ ಬಿಲ್ ಇಲ್ಲ. ಸರಾಸರಿ 150 ಇದ್ದ ಮನೆಗೆ ಮಿತಿ 165. ಅವರು 180 ಉರಿಸಿದರೆ ಮೇಲಿನ 15ಕ್ಕೆ ದುಡ್ಡು ಕಟ್ಟಬೇಕು. 200 ದಾಟಿದರೆ ಪೂರ್ತಿ ಬಿಲ್. ಅಂದರೆ 200ನೇ ಯೂನಿಟ್‌ಗೂ 201ನೇ ಯೂನಿಟ್‌ಗೂ ನಡುವೆ ಒಂದು ದೊಡ್ಡ ಹಳ್ಳ ಇದೆ.

ಈಗ 'ನೂರಕ್ಕೆ ಹತ್ತು' ಅನ್ನುವುದನ್ನು ಗಮನಿಸಿ. ಸರಾಸರಿ 150 ಇರುವ ಮನೆಗೆ 15 ಯೂನಿಟ್ ಹೆಚ್ಚಿಗೆ ಸಿಕ್ಕಿತು. ಸರಾಸರಿ 40 ಇರುವ ಮನೆಗೆ ಸಿಕ್ಕಿದ್ದು 4. ಎಲ್ಲರಿಗೂ ಒಂದೇ ಶೇಕಡಾ, ಆದರೂ ಬಡವರ ಮನೆಗೆ ಕಮ್ಮಿ. ಒಂದು ಫ್ಯಾನ್ ಸೇರಿಸಿದರೆ 4 ಯೂನಿಟ್ ಕೆಲವೇ ದಿನದಲ್ಲಿ ಮುಗಿಯುತ್ತದೆ. 2024ರ ಜನವರಿಯಲ್ಲಿ ಸರ್ಕಾರ ಇದನ್ನು ತಿದ್ದಿತು. ಸರಾಸರಿ 48 ಯೂನಿಟ್‌ಗಿಂತ ಕಮ್ಮಿ ಇರುವವರಿಗೆ ನೂರಕ್ಕೆ ಹತ್ತರ ಬದಲು ಇಡಿಯಾಗಿ 10 ಯೂನಿಟ್ ಕೊಡುವುದು ಅಂತ ಸಂಪುಟ ತೀರ್ಮಾನಿಸಿತು. ಶೇಕಡಾ ಲೆಕ್ಕದಲ್ಲಿ ಕೊಡಬೇಕಾ, ಇಡಿ ಸಂಖ್ಯೆಯಲ್ಲಿ ಕೊಡಬೇಕಾ ಅನ್ನುವುದು ಕೇಳಲು ಅಂಕಿಯ ವಿಷಯ, ಒಳಗೆ ನ್ಯಾಯದ ವಿಷಯ. ಸಂಬಳ ಹೆಚ್ಚಳ, ಬಸ್ ದರ, ತುಟ್ಟಿಭತ್ಯೆ, ಎಲ್ಲೇ ಶೇಕಡಾ ಕಂಡರೂ 'ಯಾವುದರ ಶೇಕಡಾ, ಯಾರಿಗೆ ಎಷ್ಟು ರೂಪಾಯಿ' ಅಂತ ಕೇಳುವ ಅಭ್ಯಾಸ ಇದ್ದರೆ ಪೇಪರ್ ಓದುವ ರೀತಿಯೇ ಬದಲಾಗುತ್ತದೆ.

ಇನ್ನೊಂದು ಜಾಗದಲ್ಲಿ ಶೇಕಡಾ ತುಂಬಾ ಹೆದರಿಸುತ್ತದೆ. ಅದು ಲ್ಯಾಬ್ ರಿಪೋರ್ಟು. ಒಂದು ಕಾಯಿಲೆ ನೂರರಲ್ಲಿ ಒಬ್ಬರಿಗೆ ಇದೆ ಅಂದುಕೊಳ್ಳಿ. ಪರೀಕ್ಷೆ ಒಳ್ಳೆಯದೇ. ಕಾಯಿಲೆ ಇರುವ ಹತ್ತರಲ್ಲಿ ಒಂಬತ್ತು ಜನರನ್ನು ಹಿಡಿಯುತ್ತದೆ, ಕಾಯಿಲೆ ಇಲ್ಲದ ನೂರರಲ್ಲಿ ಒಂಬತ್ತು ಜನರಿಗೆ ತಪ್ಪಾಗಿ 'ಇದೆ' ಅನ್ನುತ್ತದೆ. ನಿಮಗೆ 'ಪಾಸಿಟಿವ್' ಬಂದರೆ ಕಾಯಿಲೆ ಇರುವ ಸಾಧ್ಯತೆ ಎಷ್ಟು? ನೂರಕ್ಕೆ 90 ಅಂತ ಬಹಳ ಜನ ಹೇಳುತ್ತಾರೆ. ಶೇಕಡಾ ಬಿಟ್ಟು ತಲೆ ಎಣಿಸಿ. 1,000 ಜನರಲ್ಲಿ 10 ಮಂದಿಗೆ ಕಾಯಿಲೆ, ಅದರಲ್ಲಿ 9 ಪಾಸಿಟಿವ್. ಉಳಿದ 990ರಲ್ಲಿ ತಪ್ಪಾಗಿ ಪಾಸಿಟಿವ್ ಆದವರು 89. ಒಟ್ಟು 98 ಪಾಸಿಟಿವ್, ಅದರಲ್ಲಿ ನಿಜವಾಗಿ ಕಾಯಿಲೆ ಇರುವವರು 9. ಹತ್ತಿರ ಹತ್ತಿರ ಹನ್ನೊಂದರಲ್ಲಿ ಒಬ್ಬರು. ಎರಡನೇ ಪರೀಕ್ಷೆ ಮಾಡಿಸದೆ ಎದೆಗುಂದಬೇಕಿಲ್ಲ, ಹಾಗಂತ ಸುಮ್ನೆ ಬಿಟ್ಟುಬಿಡಲೂ ಬಾರದು. ಜರ್ಮನಿಯ ಮನಶ್ಶಾಸ್ತ್ರಜ್ಞ ಗರ್ಡ್ ಗಿಗರೆಂಜರ್ ಇಂಥ ಪ್ರಶ್ನೆಯಲ್ಲಿ ಡಾಕ್ಟರುಗಳೂ ಎಡವುತ್ತಾರೆ, ಶೇಕಡಾ ಬಿಟ್ಟು ಜನರ ಸಂಖ್ಯೆಯಲ್ಲಿ ಹೇಳಿದರೆ ಸರಿಯಾಗಿ ಹೇಳುವವರು ತುಂಬಾ ಜಾಸ್ತಿಯಾಗುತ್ತಾರೆ ಅಂತ ತೋರಿಸಿದರು. ಇಲ್ಲಿ ಬಳಸಿದ್ದು ಗುಣಾಕಾರ ಮತ್ತು ಕೂಡುವುದು ಮಾತ್ರ.

ಹಾಗಾದರೆ ಸೈನ್ ತೀಟಾ, ವರ್ಗ ಸಮೀಕರಣ? ಇಲ್ಲಿ ಪ್ರಾಮಾಣಿಕವಾಗಿ ಹೇಳಬೇಕು. ಎಂಜಿನಿಯರಿಂಗ್, ಸರ್ವೆ, ವಿಜ್ಞಾನದ ಕಡೆ ಹೋಗದವರಿಗೆ ವರ್ಗ ಸಮೀಕರಣದ ಸೂತ್ರ ಬದುಕಿನಲ್ಲಿ ಬೇಕಾಗುವುದಿಲ್ಲ. ಬೇಕಾಗುತ್ತದೆ ಅಂತ ಮಕ್ಕಳಿಗೆ ಸುಳ್ಳು ಹೇಳಬಾರದು. ಅದನ್ನು ಕಲಿಸುವುದಕ್ಕೆ ಕಾರಣ ಬೇರೆ. ಹದಿನೈದು ವರ್ಷದ ಹುಡುಗಿ ಮುಂದೆ ಏನಾಗುತ್ತಾಳೆ ಅಂತ ಯಾರಿಗೂ ಗೊತ್ತಿಲ್ಲ. ಅವಳು ಸೇತುವೆ ಕಟ್ಟುವವಳಾದರೆ ಆ ಬಾಗಿಲು ಅವತ್ತೇ ತೆರೆದಿರಬೇಕು. ಹಳ್ಳಿಯ ಸರ್ಕಾರಿ ಶಾಲೆಯ ಹುಡುಗಿಗೆ 'ನಿನಗೆ ಇದು ಬೇಡ' ಅಂತ ನಾವೇ ಮೊದಲು ತೀರ್ಮಾನಿಸಿದರೆ ಅದು ದೊಡ್ಡ ಅನ್ಯಾಯ.

ಬೀಜಗಣಿತದಲ್ಲಿ ಇನ್ನೊಂದು ಗುಣವೂ ಇದೆ. ಗೊತ್ತಿಲ್ಲದ್ದಕ್ಕೆ ಒಂದು ಹೆಸರಿಟ್ಟು, ಗೊತ್ತಿರುವ ಹಾಗೆ ಅದರ ಜೊತೆ ಕೆಲಸ ಮಾಡುವುದನ್ನು ಅದು ಕಲಿಸುತ್ತದೆ. ಮದುವೆಗೆ ಎಷ್ಟು ಜನ ಬರುತ್ತಾರೋ ಗೊತ್ತಿಲ್ಲ. ಒಂದು ಛತ್ರದವರು ಬಾಡಿಗೆ 80,000, ಊಟಕ್ಕೆ ಎಲೆಗೆ 250 ಅನ್ನುತ್ತಾರೆ. ಇನ್ನೊಬ್ಬರು ಬಾಡಿಗೆ 50,000, ಎಲೆಗೆ 310. ಬಾಡಿಗೆಯ ವ್ಯತ್ಯಾಸ 30,000, ಎಲೆಯ ವ್ಯತ್ಯಾಸ 60. ಭಾಗಿಸಿದರೆ 500. ಐನೂರಕ್ಕಿಂತ ಕಮ್ಮಿ ಜನ ಬಂದರೆ ಎರಡನೆಯದು ಅಗ್ಗ, ಜಾಸ್ತಿ ಬಂದರೆ ಮೊದಲನೆಯದು. ಎಷ್ಟು ಜನ ಅಂತ ಗೊತ್ತಾಗುವ ಮೊದಲೇ ತೀರ್ಮಾನ ಮಾಡಬಹುದು. 'ಎಕ್ಸ್ ಆಗಿರಲಿ' ಅಂತ ನೂರಾರು ಸಲ ಬರೆದದ್ದು ಇದಕ್ಕಾಗಿ. ಆದರೆ ನಮಗೆ ಅದನ್ನು ಕಲಿಸುವಾಗ ಈ ಮಾತು ಯಾರೂ ಹೇಳಲಿಲ್ಲ.

ಪಾಠಗಳನ್ನು ಕಿತ್ತುಹಾಕಿ ಅಂತ ನಾನು ಕೇಳುವುದಿಲ್ಲ. ಲೆಕ್ಕ ಕೊಡುವ ರೀತಿ ಬದಲಾಗಲಿ. ಸಮಾಂತರ ಶ್ರೇಢಿ ಮುಗಿದ ಮೇಲೆ ಒಂದು ಪೀರಿಯಡ್ಡಿನಲ್ಲಿ ಮಕ್ಕಳ ಕೈಗೆ ಸಾಲದ ಕಾಗದ ಕೊಟ್ಟು ನೋಡಿ. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ವೈಯಕ್ತಿಕ ಮತ್ತು ಸಣ್ಣ ಉದ್ಯಮದ ಅವಧಿ ಸಾಲಗಳಿಗೆ ಬ್ಯಾಂಕು ಮತ್ತು ಹಣಕಾಸು ಕಂಪನಿಗಳು 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್' ಅನ್ನುವ ಹಾಳೆ ಕೊಡಲೇಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಮಾಡಿದೆ. ಫೀಸು, ಚಾರ್ಜು ಎಲ್ಲ ಸೇರಿಸಿ ವರ್ಷಕ್ಕೆ ನಿಜವಾದ ದರ ಎಷ್ಟು ಅನ್ನುವುದು ಅದರಲ್ಲಿ 'ಎಪಿಆರ್' ಅಂತ ಇರುತ್ತದೆ. ಸಾಲ ಪಡೆಯುವವರಿಗೆ ಅರ್ಥವಾಗುವ ಭಾಷೆಯಲ್ಲೇ ಕೊಡಬೇಕು ಅಂತಲೂ ಆ ನಿಯಮದಲ್ಲಿದೆ. ಕನ್ನಡದಲ್ಲಿ ಕೊಡಿ ಅಂತ ನೀವು ಕೇಳಬಹುದು, ಕೇಳಿ. ಫ್ಲಾಟ್ ದರ ಹೇಳಿ ಸಾಲ ಕೊಡುವವರ ಹಾಳೆಯಲ್ಲಿ ಮೊದಲು ಆ ಎಪಿಆರ್ ಸಾಲು ಹುಡುಕಿ. ಆ ಅಂಕಿ ಎಲ್ಲಿಂದ ಬಂತು ಅಂತ ಹತ್ತನೇ ತರಗತಿಯ ಮಕ್ಕಳು ತಾವೇ ಲೆಕ್ಕ ಹಾಕಿ ಹತ್ತಿರ ಹತ್ತಿರ ತಲುಪಬಲ್ಲರು.

ಪರೀಕ್ಷೆಯಲ್ಲೂ ಒಂದು ಪ್ರಶ್ನೆ ಹೀಗೆ ಬರಲಿ: 'ಒಬ್ಬರು ಹೊಲಿಗೆ ಯಂತ್ರಕ್ಕೆ ಸಾಲ ಮಾಡಬೇಕು. ಇಬ್ಬರು ಸಾಲ ಕೊಡಲು ಮುಂದೆ ಬಂದಿದ್ದಾರೆ. ಯಾರ ಸಾಲ ಅಗ್ಗ ಅಂತ ಹೇಳಲು ನೀವು ಅವರಿಗೆ ಯಾವ ಯಾವ ಪ್ರಶ್ನೆ ಕೇಳುತ್ತೀರಿ? ಬರೆಯಿರಿ.' ಅಂಕಿ ಒಂದೂ ಕೊಡುವುದು ಬೇಡ. ಕೈಗೆ ಎಷ್ಟು ಬರುತ್ತದೆ, ಕಂತು ಎಷ್ಟು, ಎಷ್ಟು ತಿಂಗಳು, ಫೀಸು ಎಷ್ಟು, ಮಧ್ಯದಲ್ಲಿ ತೀರಿಸಿದರೆ ದಂಡ ಇದೆಯಾ ಅಂತ ಐದು ಪ್ರಶ್ನೆ ಬರೆದ ಮಗುವಿಗೆ ಪೂರ್ತಿ ಅಂಕ ಕೊಡಿ.